ಎಚ್ಚರಿಕೆಯ ಕಲೆ: ಜಾನ್ ಕ್ರಿಶ್‌ನ ಕಿರುಚಿತ್ರಗಳು

ಸಾಗರದಿಂದ ಹೊಸನಗರದ ಮೇಲೆ ಹಾದು ತೀರ್ಥಹಳ್ಳಿಗೆ ಹೋಗುವ ದಾರಿಯಲ್ಲಿ ಕನ್ನಡ ಬರವಣಿಗೆಯ ಒಂದು ಪ್ರಕಾರವು ಯಥೇಚ್ಛವಾಗಿ ದೊರೆಯುತ್ತದೆ. ವಿಮರ್ಶಕರು ಅದಕ್ಕೆ ಇನ್ನೂ ಹೆಸರಿಟ್ಟಿಲ್ಲ. ತಿರುವಿನ ಮುಂಚೆ ನಿಧಾನವಾಗಿ ಚಲಿಸಿರೆಂದು, ಹೊಳೆಯ ದಂಡೆಯಲ್ಲಿ ನೀರು ಆಳವಿದೆ ಇಳಿಯಬಾರದೆಂದು, ಟ್ರಾನ್ಸ್‌ಫಾರ್ಮರಿನ ಬೇಲಿಯ ಮೇಲೆ ತಲೆಬುರುಡೆಯೊಡನೆ ಅಪಾಯವೆಂದು, ಆಸ್ಪತ್ರೆಯ ಗೋಡೆಯ ಮೇಲೆ ಮಂಗ ಸತ್ತ ಜಾಗದತ್ತ ಸುಳಿಯಬಾರದೆಂದು ಅದು ಮತ್ತೆ ಮತ್ತೆ ನಮಗೆ ಹೇಳುತ್ತಿರುತ್ತದೆ. ಬರೆದವರ ಹೆಸರಿಲ್ಲ, ಓದುವವರ ಸುಳಿವೂ ಇಲ್ಲ. ಹುಲಿಕಲ್ ಘಾಟಿಯ ಮಳೆಗೆ ಇಂಥ ಫಲಕಗಳು ಪಾಚಿಗಟ್ಟಿ ಅಕ್ಷರ ಮಾಸಿರುವುದನ್ನು ಕಂಡಾಗ, ಹಳೆಯ ಶಿಲಾಶಾಸನಗಳನ್ನು ಓದಲು ನಾವು ಪಡುವ ಶ್ರಮದ ವೀಸಪಾಲನ್ನಾದರೂ ಇವುಗಳ ಮೇಲೆ ವೆಚ್ಚಮಾಡಿದ್ದರೆ ಎಷ್ಟೋ ಮನೆಗಳಲ್ಲಿ ದೀಪ ಆರುತ್ತಿರಲಿಲ್ಲವಲ್ಲಾ ಎನಿಸುತ್ತದೆ.

ಈ ಬರಹವನ್ನು ಏಕೆ ಯಾರೂ ಓದುವುದಿಲ್ಲವೆಂಬುದಕ್ಕೆ ನಮ್ಮ ಆಲಂಕಾರಿಕರಲ್ಲಿ ಒಂದು ಉತ್ತರವಿದೆ. ಮಮ್ಮಟನ ಕಾವ್ಯಪ್ರಕಾಶವನ್ನು ಪಾಠ ಮಾಡುವಾಗ ನಾವೆಲ್ಲ ಹೇಳುವ ಮಾತೇ ಅದು. ಉಪದೇಶವು ಮೂರು ಬಗೆ: ಒಡೆಯನು ಆಳಿಗೆ ಆಜ್ಞಾಪಿಸುವಂತೆ ಹೇಳುವುದು ಪ್ರಭುಸಮ್ಮಿತ, ಗೆಳೆಯನು ಕಾರಣಕೊಟ್ಟು ತಿಳಿಯಹೇಳುವಂಥದು ಮಿತ್ರಸಮ್ಮಿತ, ಪ್ರಿಯಳಾದವಳು ಒಲಿಸಿಕೊಂಡು ತನ್ನ ದಾರಿಗೆ ತರುವಂಥದು ಕಾಂತಾಸಮ್ಮಿತ. ವೇದವು ಮೊದಲನೆಯದು, ಇತಿಹಾಸ ಪುರಾಣಗಳು ಎರಡನೆಯದು, ಕಾವ್ಯವು ಮೂರನೆಯದು. ದಾರಿಬದಿಯ ಫಲಕವು ಶುದ್ಧಾಂಗ ಪ್ರಭುಸಮ್ಮಿತ. ಆದರೆ ಪ್ರಭುವು ಊರಿನಲ್ಲಿಲ್ಲವೆಂಬುದು ವಾಹನದ ಚಾಲಕನಿಗೂ ಗೊತ್ತು, ಹೊಳೆಗಿಳಿಯುವ ಹುಡುಗನಿಗೂ ಗೊತ್ತು.

ಚಲನಚಿತ್ರವು ಈ ಕೆಲಸಕ್ಕೆ ಕೈಹಾಕಿದಾಗ ಏನಾಯಿತು? ನಮ್ಮ ದೇಶದಲ್ಲಂತೂ ಅದೂ ಬಹುಕಾಲ ಪ್ರಭುವಾಣಿಯನ್ನೇ ನುಡಿಯಿತು. 1948ರಲ್ಲಿ ಆರಂಭವಾದ ಫಿಲಂಸ್ ಡಿವಿಜನ್ನಿನ ವಾರ್ತಾಚಿತ್ರ, ಸಾಕ್ಷ್ಯಚಿತ್ರಗಳನ್ನು ಮುಖ್ಯ ಚಿತ್ರಕ್ಕೆ ಮುನ್ನ ತೋರಿಸಬೇಕೆಂಬುದು ಚಿತ್ರಮಂದಿರದ ಪರವಾನಗಿಯಲ್ಲೇ ಸೇರಿದ ಕಟ್ಟಳೆಯಾಗಿತ್ತು. ಕಪ್ಪು ಬಿಳುಪಿನ ತೆರೆಯ ಮೇಲೆ ಗಂಭೀರ ಕಂಠವೊಂದು ಸಿಡುಬನ್ನೂ ಗೊಬ್ಬರವನ್ನೂ ಒಂದೇ ಸ್ವರದಲ್ಲಿ ವಿವರಿಸುತ್ತಿರುವಾಗ, ಹೊರಗೆ ಎಲೆಯಡಿಕೆ ಹಾಕಿಕೊಳ್ಳುತ್ತ ನಿಂತವರು ‘ಪಿಕ್ಚರ್ ಶುರುವಾಯ್ತೇನೋ’ ಎಂದು ಬಾಗಿಲಲ್ಲಿ ಇಣುಕುತ್ತಿದ್ದುದನ್ನು ನನ್ನ ಹಿರಿಯರು ಈಗಲೂ ನೆನೆಯುತ್ತಾರೆ. ಸುಖದೇವ್, ಪ್ರಮೋದ್ ಪತಿ, ಎಸ್. ಎನ್. ಎಸ್. ಶಾಸ್ತ್ರಿ ಮೊದಲಾದ ಪ್ರತಿಭಾವಂತರು ಅಲ್ಲಿಯೇ ಕೆಲಸಮಾಡಿ ಅಪೂರ್ವ ಚಿತ್ರಗಳನ್ನು ತೆಗೆದರೆಂಬುದನ್ನು ಮರೆಯಲಾಗದು. ಆದರೂ ಜನರ ಕಿವಿಯಲ್ಲಿ ಉಳಿದುದು ಆ ಕಂಠ. ಆ ಸಂಸ್ಥೆಯೂ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು.

ಎಚ್ಚರಿಕೆಯನ್ನು ಕಾಂತಾಸಮ್ಮಿತವಾಗಿ ಹೇಳಬಹುದೇ ಎಂಬ ಪ್ರಶ್ನೆಗೆ ಉತ್ತರ ಹುಡುಕುತ್ತ ಹೋದ ನನಗೆ ಸಿಕ್ಕವನು ಜಾನ್ ಕ್ರಿಶ್ ಎಂಬ ಆಂಗ್ಲ ನಿರ್ದೇಶಕ. 1923ರಲ್ಲಿ ಹುಟ್ಟಿ 2016ರಲ್ಲಿ ತೀರಿಕೊಂಡ ಈತನ ಹೆಸರು ನಮ್ಮ ಚಿತ್ರರಸಿಕರಲ್ಲೂ ಹೆಚ್ಚು ಜನರಿಗೆ ಪರಿಚಿತವಲ್ಲ. ಎರಡನೆಯ ಮಹಾಯುದ್ಧದ ದಿನಗಳಲ್ಲಿ, ಇನ್ನೂ ಮೀಸೆ ಮೂಡುವ ವಯಸ್ಸಿನಲ್ಲಿ, ಬ್ರಿಟಿಷ್ ಸರ್ಕಾರದ ಕ್ರೌನ್ ಫಿಲ್ಮ್ ಯೂನಿಟ್ಟನ್ನು ಸೇರಿ ಹಂಫ್ರಿ ಜೆನ್ನಿಂಗ್ಸ್‌ನಂಥ ಮಹಾನುಭಾವರ ಚಿತ್ರಗಳಿಗೆ ಕೈಯಾಳಾಗಿ ದುಡಿದ. ಬಳಿಕ ಸಾರಿಗೆ ಇಲಾಖೆಯ ಚಿತ್ರಸಂಸ್ಥೆಗೆ ಬಂದ. 1952ರ ಜುಲೈಯಲ್ಲಿ ಲಂಡನ್ನಿನ ಕೊನೆಯ ಟ್ರಾಮು ಓಡಿದಾಗ, ಬೀಳ್ಕೊಡುಗೆಯ ಸಮಾರಂಭವನ್ನಷ್ಟೇ ಚಿತ್ರೀಕರಿಸೆಂದು ಅಪ್ಪಣೆಯಾಗಿತ್ತು. ಆತನಾದರೋ ಮುದುಕ ಮುದುಕಿಯರನ್ನೂ ಕೊನೆಯ ಪ್ರಯಾಣದ ಹಾಡನ್ನೂ ಸೇರಿಸಿ ‘ದಿ ಎಲಿಫೆಂಟ್ ವಿಲ್ ನೆವರ್ ಫರ್ಗೆಟ್’ ಎಂಬ ಹನ್ನೊಂದು ನಿಮಿಷದ ಚಿತ್ರವನ್ನು 1953ರಲ್ಲಿ ಸಿದ್ಧಪಡಿಸಿದ. ಆ ಅವಿಧೇಯತೆಗೆ ದೊರೆತ ಬಹುಮಾನ ಕೆಲಸದಿಂದ ವಜಾ. ಚಿತ್ರವೇನೋ ಆ ಸಂಸ್ಥೆಯ ಅತ್ಯಂತ ಜನಪ್ರಿಯ ಕೃತಿಗಳಲ್ಲಿ ಒಂದಾಯಿತು! 1959ರಲ್ಲಿ ಸೈನ್ಯಕ್ಕಾಗಿ ‘ಕ್ಯಾಪ್ಚರ್ಡ್’ ಎಂಬ ತರಬೇತಿ ಚಿತ್ರವನ್ನು ಮಾಡಿದ. ಯುದ್ಧಕೈದಿಯಾಗಿ ಸಿಕ್ಕಿಬಿದ್ದ ಸೈನಿಕನು ಮನಸ್ಸನ್ನು ಹೇಗೆ ಕಾಪಾಡಿಕೊಳ್ಳಬೇಕೆಂಬುದು ಅದರ ವಸ್ತು. ಅದನ್ನು ದಶಕಗಳ ಕಾಲ ಸಾರ್ವಜನಿಕರಿಗೆ ತೋರಿಸಲೇ ಇಲ್ಲ. 1964ರ ‘ಐ ಥಿಂಕ್ ದೇ ಕಾಲ್ ಹಿಮ್ ಜಾನ್’ ಎಂಬುದರಲ್ಲಿ ಒಬ್ಬ ಒಂಟಿ ವೃದ್ಧನ ಒಂದು ಭಾನುವಾರವಿದೆ. ಅಷ್ಟನ್ನು ಬಿಟ್ಟರೆ ಏನೂ ನಡೆಯುವುದಿಲ್ಲ. ಏನೂ ನಡೆಯದಿರುವುದನ್ನು ನೋಡುತ್ತ ಕುಳಿತಿರಲು ಸಾಧ್ಯವಿಲ್ಲದಂತೆ ಆಗುತ್ತದೆ.

ಇಂಥವನಿಗೆ 1970ರ ದಶಕದಲ್ಲಿ ಸರ್ಕಾರದ ಎಚ್ಚರಿಕೆಯ ಚಿತ್ರಗಳನ್ನು ಮಾಡುವ ಕೆಲಸ ಬಂತು. ದೂರದರ್ಶನದಲ್ಲಿ ಒಂದೊಂದು ನಿಮಿಷ ತೋರಿಸುವ ಕಿರುಚಿತ್ರಗಳು. ನಾವಾದರೆ ‘ಹೊಟ್ಟೆಪಾಡು’ ಎಂದು ಮುಗಿಸುತ್ತಿದ್ದ ಕೆಲಸ. 1974ರ ‘ಸರ್ಚಿಂಗ್’ ಚಿತ್ರವನ್ನು ನೋಡಿರಿ. ಸುಟ್ಟುಹೋದ ಒಂದು ಮನೆ. ಕ್ಯಾಮೆರಾ ನಿಧಾನವಾಗಿ ಕರಿಹಿಡಿದ ಕೋಣೆಯಿಂದ ಕೋಣೆಗೆ ಸಾಗುತ್ತದೆ. ಯಾರೂ ಕಾಣುವುದಿಲ್ಲ. ಆ ಮನೆಯಲ್ಲಿದ್ದವರ ಧ್ವನಿಗಳು ಮಾತ್ರ, ಬೆಂಕಿ ಬಿದ್ದ ಗಳಿಗೆಯವು, ಖಾಲಿ ಗೋಡೆಗಳ ನಡುವೆ ಕೇಳಿಸುತ್ತವೆ. ಜ್ವಾಲೆಯಿಲ್ಲ, ದೇಹವಿಲ್ಲ, ನೆತ್ತರಿಲ್ಲ. ಧ್ವನಿಸಿದ್ಧಾಂತವನ್ನು ಮಕ್ಕಳಿಗೆ ವಿವರಿಸಲು ಉದಾಹರಣೆಗಳಿಗಾಗಿ ತಡಕಾಡುವ ಅಧ್ಯಾಪಕನಿಗೆ ಇಷ್ಟು ನಿಚ್ಚಳವಾದುದು ಒಂದು ನಿಮಿಷದಲ್ಲಿ ಸಿಕ್ಕಿಬಿಟ್ಟರೆ ಹೇಗಾಗಬೇಡ! ಅದಕ್ಕೂ ಹಿಂದಿನ ವರ್ಷದ ‘ಸೂಯಿಂಗ್ ಮೆಷಿನ್’ ಇನ್ನೂ ಸರಳ. ತಾಯಿಯೊಬ್ಬಳು ಹೊಲಿಗೆಯ ಯಂತ್ರದ ಮುಂದೆ ಕುಳಿತಿದ್ದಾಳೆ. ಪುಟ್ಟ ಮಗಳು ಹೊರಗೆ ಹೋಗುತ್ತಾಳೆ. ಇನ್ನೊಂದು ನಿಮಿಷದೊಳಗೆ ಈ ಮಗು ಸಾಯಲಿದೆಯೆಂದು ಹಿನ್ನೆಲೆಯ ಧ್ವನಿ ಮೊದಲೇ ತಿಳಿಸಿಬಿಡುತ್ತದೆ. ಮುಂದಿನದೆಲ್ಲ ಆ ಹೊಲಿಗೆ. ಯಂತ್ರದ ಟಕಟಕ ಸದ್ದು ನೋಡುಗನ ಎದೆಯೊಳಗೆ ಹೊಕ್ಕು ಕುಳಿತುಕೊಳ್ಳುತ್ತದೆ.

ಇದನ್ನು ನೋಡಿದಾಗ ನನಗೆ ರಾಘವಾಂಕನ ಹರಿಶ್ಚಂದ್ರಕಾವ್ಯ ನೆನಪಾಯಿತು. ನಾವು ಅದನ್ನು ಸತ್ಯದ ಮಹಿಮೆಗೆಂದು ಓದುತ್ತೇವೆ, ಸರಿ. ಆದರೆ ಲೋಹಿತಾಶ್ವನ ಪ್ರಸಂಗವನ್ನು ಬೇರೆ ಕಣ್ಣಿನಿಂದ ನೋಡಿರಿ. ಮಾರಾಟವಾದ ಒಬ್ಬ ಚಿಕ್ಕ ಹುಡುಗ, ಒಡೆಯನ ಮನೆಯ ಕೆಲಸಕ್ಕಾಗಿ ಕಾಡಿಗೆ ಹೋಗಿ ಹಾವು ಕಚ್ಚಿ ಸಾಯುತ್ತಾನೆ. ಸುದ್ದಿ ಬಂದ ಮೇಲೂ ತಾಯಿಗೆ ಬಿಡುವಿಲ್ಲ. ಮನೆಯ ಚಾಕರಿಯನ್ನೆಲ್ಲ ಮುಗಿಸಿ ಕತ್ತಲೆಯಲ್ಲಿ ಅವಳು ಮಗನನ್ನು ಹುಡುಕುತ್ತ ಹೋಗಬೇಕು. ಕೆಲಸದ ಜಾಗದಲ್ಲಿ ನಡೆದ ಅಪಘಾತವನ್ನೂ ಆಳಿನ ಸಾವಿಗೆ ಯಜಮಾನನು ಕೊಡುವ ಬೆಲೆಯನ್ನೂ ಕನ್ನಡದಲ್ಲಿ ಇಷ್ಟು ಮನಕರಗುವಂತೆ ಬರೆದುದು ಇನ್ನೊಂದಿದೆಯೋ ಇಲ್ಲವೋ. ನಾವು ಅದನ್ನು ಕರುಣರಸದ ಉದಾಹರಣೆಯಾಗಿ ಬರೆಸಿ ಅಂಕ ಕೊಟ್ಟು ಮುಗಿಸುತ್ತೇವೆ.

ಇಲ್ಲಿ ಶಾಸ್ತ್ರದ ಒಂದು ತೊಡಕೂ ಎದುರಾಗುತ್ತದೆ. ಭಯಾನಕ ರಸವನ್ನು ವಿವರಿಸುವಾಗ ಅಭಿನವಗುಪ್ತನು ಶಾಕುಂತಲದ ಆರಂಭದ ಜಿಂಕೆಯನ್ನು ಎತ್ತಿಕೊಳ್ಳುತ್ತಾನೆ. ಬಾಣಕ್ಕೆ ಹೆದರಿ ಓಡುವ ಆ ಪ್ರಾಣಿಯ ಭಯವು ನಾಟಕದಲ್ಲಿ ದೇಶಕಾಲಗಳ ಕಟ್ಟನ್ನು ಕಳಚಿಕೊಂಡು, ನನ್ನದೂ ಅಲ್ಲ ಪರರದೂ ಅಲ್ಲವೆಂಬಂತೆ, ಎಲ್ಲರಿಗೂ ಸಾಧಾರಣವಾಗಿ ನಿಲ್ಲುತ್ತದೆ. ಆದುದರಿಂದಲೇ ಅದು ಆಸ್ವಾದ್ಯ. ಎಚ್ಚರಿಕೆಯ ಚಿತ್ರಕ್ಕೆ ಈ ನೆಮ್ಮದಿ ಸಲ್ಲದು. ಹಾಗೆ ಆಸ್ವಾದಿಸಿ ಎದ್ದುಹೋದವನು ಮರುದಿನ ಅದೇ ಹಳಿಯನ್ನು ದಾಟುತ್ತಾನೆ. ಭಯವನ್ನು ಮತ್ತೆ ದೇಶಕಾಲಕ್ಕೆ ಕಟ್ಟಬೇಕು: ಈ ಅಡಿಗೆಮನೆ, ಈ ತಂತಿ, ಇಂದು ಸಂಜೆ. ‘ಸರ್ಚಿಂಗ್’ನಲ್ಲಿ ಕ್ರಿಶ್ ಮನೆಯನ್ನು ಖಾಲಿ ಇಟ್ಟುದರ ಗುಟ್ಟು ಇದೇ ಎಂದು ನನಗೆ ತೋರುತ್ತದೆ. ಅಲ್ಲಿ ಯಾರೂ ಇಲ್ಲದಿರುವುದರಿಂದ ನೋಡುಗನು ತನ್ನವರನ್ನೇ ಆ ಕೋಣೆಗಳಲ್ಲಿ ಹುಡುಕುತ್ತಾನೆ. ಕಾವ್ಯದ ಉಪಾಯವನ್ನು ಕಾವ್ಯದ ಗುರಿಗೆ ವಿರುದ್ಧವಾದ ಗುರಿಗೆ ತಿರುಗಿಸಿದ ಈ ಜಾಣ್ಮೆ ಆತನದು.

1975ರ ‘ಡ್ರೈವ್ ಕೇರ್‌ಫುಲಿ, ಡಾರ್ಲಿಂಗ್’ ನಮ್ಮವರಿಗೆ ತಟ್ಟನೆ ಹತ್ತಿರವಾಗುವಂಥದು. ಕಾರು ನಡೆಸುವವನ ತಲೆಯೊಳಗೊಂದು ಕಾರ್ಯಾಲಯ. ಅಲ್ಲಿ ಸ್ಮೃತಿ, ಅಹಂಕಾರ ಮೊದಲಾದವರು ಮನುಷ್ಯರೂಪದಲ್ಲಿ ಕುಳಿತು ಆಜ್ಞೆ ಕೊಡುತ್ತಿರುತ್ತಾರೆ. ಅಹಂಕಾರನ ಮಾತು ಮೇಲಾದಂತೆ ಕಾರಿನ ವೇಗವೂ ಮೇಲಾಗುತ್ತದೆ. ಅಂತಃಕರಣ ಚತುಷ್ಟಯವನ್ನೂ ಪ್ರಬೋಧಚಂದ್ರೋದಯವನ್ನೂ ಬಲ್ಲವರಿಗೆ ಇದು ಹಳೆಯ ನಾಟಕದ ಹೊಸ ವೇಷ. ಬಾಗಿಲಲ್ಲಿ ನಿಂತು ಹೆಂಡತಿ ಹೇಳಿದ ಮಾತೇ ಚಿತ್ರದ ಹೆಸರು. ನಮ್ಮಲ್ಲಾದರೆ ‘ಹುಷಾರಾಗಿ ಹೋಗಿ ಬನ್ನಿ’ ಎನ್ನುತ್ತಿದ್ದಳು.

ಆದರೆ ಕ್ರಿಶ್‌ನ ಹೆಸರು ಉಳಿದಿರುವುದೂ ಕೆಟ್ಟಿರುವುದೂ 1977ರ ‘ದಿ ಫಿನಿಶಿಂಗ್ ಲೈನ್’ನಿಂದ. ರೈಲು ಹಳಿಗಳ ಮೇಲೆ ಆಡುವ, ಗಾಡಿಗೆ ಕಲ್ಲೆಸೆಯುವ ಮಕ್ಕಳಿಗೆ ಬುದ್ಧಿ ಹೇಳಬೇಕೆಂದು ಮಾಡಿದ ಇಪ್ಪತ್ತು ನಿಮಿಷದ ಚಿತ್ರವದು. ಸೇತುವೆಯ ಮೇಲೆ ಕುಳಿತ ಹುಡುಗನೊಬ್ಬನ ಕಲ್ಪನೆಯಲ್ಲಿ ಶಾಲೆಯ ಕ್ರೀಡೋತ್ಸವವು ರೈಲುದಾರಿಯ ಮೇಲೆಯೇ ನಡೆಯುತ್ತದೆ. ವಾದ್ಯಗೋಷ್ಠಿಯಿದೆ, ಧ್ವನಿವರ್ಧಕವಿದೆ, ಚಪ್ಪಾಳೆ ತಟ್ಟುವ ತಾಯಿತಂದೆಯರಿದ್ದಾರೆ. ಬೇಲಿ ಮುರಿಯುವ ಸ್ಪರ್ಧೆ, ಬರುವ ಗಾಡಿಯ ಮುಂದೆ ಹಳಿ ದಾಟುವ ಸ್ಪರ್ಧೆ, ಗಾಡಿಗೆ ಕಲ್ಲೆಸೆಯುವ ಸ್ಪರ್ಧೆ. ಪ್ರತಿಯೊಂದರ ಕೊನೆಗೂ ಗಾಯಗೊಂಡವರನ್ನು ಎತ್ತಿಕೊಂಡು ಹೋಗುತ್ತಾರೆ, ಅಂಕ ಬರೆದುಕೊಳ್ಳುತ್ತಾರೆ. ಕೊನೆಯದು ಸುರಂಗದ ನಡಿಗೆ. ಒಳಹೊಕ್ಕ ಮಕ್ಕಳ ಹಿಂಡಿನಲ್ಲಿ ಹೊರಬರುವವರು ಬೆರಳೆಣಿಕೆಯಷ್ಟು. ಹಿರಿಯರು ದೇಹಗಳನ್ನು ಹೊತ್ತುತಂದು ಹಳಿಯ ಮೇಲೆ ಸಾಲಾಗಿ ಮಲಗಿಸುತ್ತಾರೆ, ಯಾರೂ ಅಳುವುದಿಲ್ಲ. ಈ ಚಿತ್ರವು ಶಾಲೆಗಳಲ್ಲಿಯೂ ದೂರದರ್ಶನದಲ್ಲಿಯೂ ಬಂದಾಗ ಇಂಗ್ಲೆಂಡಿನಲ್ಲಿ ಕೋಲಾಹಲವೆದ್ದು, 1979ರಲ್ಲಿ ಅದನ್ನು ಹಿಂದಕ್ಕೆ ತೆಗೆದುಕೊಂಡು ‘ರಾಬಿ’ ಎಂಬ ಸೌಮ್ಯವಾದ ಬೇರೊಂದು ಚಿತ್ರವನ್ನು ಅದರ ಜಾಗದಲ್ಲಿಟ್ಟರು.

ಆನಂದಪುರ, ಸಾಗರ, ತಾಳಗುಪ್ಪಗಳ ಹಳಿಯ ಬದಿಯಲ್ಲಿ ಬೆಳೆದ ನನ್ನ ವಿದ್ಯಾರ್ಥಿಗಳಿಗೆ ಇದನ್ನು ತೋರಿಸಿದೆ. ಪದವಿ ತರಗತಿಯವರು, ಚಿಕ್ಕ ಮಕ್ಕಳಲ್ಲ. ಮುಗಿದ ಮೇಲೆ ಬಹಳ ಹೊತ್ತು ಯಾರೂ ಮಾತಾಡಲಿಲ್ಲ. ಅವರನ್ನು ಕಾಡಿದುದು ಸತ್ತ ಮಕ್ಕಳಿಗಿಂತ ಹೆಚ್ಚಾಗಿ ಚಪ್ಪಾಳೆ ತಟ್ಟುವ ಹಿರಿಯರು ಎಂಬುದು ಮಾತು ಆರಂಭವಾದ ಮೇಲೆ ತಿಳಿಯಿತು. ಎಂಟು ವರ್ಷದ ಮಗುವಿಗೆ ಇದನ್ನು ತೋರಿಸಬೇಕೇ? ತೋರಿಸಬಾರದೆಂದೇ ನನ್ನ ಅಭಿಪ್ರಾಯ. ಆ ಮಗುವಿನ ತಂದೆಗೆ ತೋರಿಸಬೇಕು.

ಹೆದರಿಸುವುದರಲ್ಲಿಯೂ ತಾರತಮ್ಯವುಂಟು. 1959ರಲ್ಲಿ ಅಮೆರಿಕದ ಓಹಿಯೋದಲ್ಲಿ ತಯಾರಾದ ‘ಸಿಗ್ನಲ್ 30’ ಚಿತ್ರದಲ್ಲಿ ನಿಜವಾದ ರಸ್ತೆ ಅಪಘಾತಗಳ ದೃಶ್ಯಗಳನ್ನೇ ಪೋಣಿಸಿ ಹೊಸ ಚಾಲಕರಿಗೆ ತೋರಿಸುತ್ತಿದ್ದರು. ಅದು ಬೀಭತ್ಸ, ಕಣ್ಣು ಮುಚ್ಚಿಕೊಂಡವನಿಗೆ ಪಾಠ ತಲಪುವುದು ಹೇಗೆ? ಅದೇ ದೇಶದ ಸಿಡ್ ಡೇವಿಸ್‌ನ ಕಥೆ ಬೇರೆ. ಜಾನ್ ವೇಯ್ನ್ ಎಂಬ ಪ್ರಖ್ಯಾತ ನಟನಿಗೆ ಬದಲಿ ನಿಲ್ಲುತ್ತಿದ್ದ ಈತ, 1949ರಲ್ಲಿ ಲಾಸ್ ಏಂಜಲೀಸಿನಲ್ಲಿ ನಡೆದ ಒಬ್ಬ ಬಾಲಕಿಯ ಕೊಲೆಯಿಂದ ತಲ್ಲಣಿಸಿ, ತನ್ನ ಮಗಳ ಮೇಲಿನ ಕಕ್ಕುಲತೆಯಿಂದ, ಅದೇ ನಟನಿಂದ ಸಾವಿರ ಡಾಲರು ಪಡೆದು 1950ರಲ್ಲಿ ‘ದಿ ಡೇಂಜರಸ್ ಸ್ಟ್ರೇಂಜರ್’ ಚಿತ್ರ ತೆಗೆದ. ಆ ಬಳಿಕ ನೂರೈವತ್ತಕ್ಕೂ ಹೆಚ್ಚು ಇಂಥ ಚಿತ್ರಗಳನ್ನು ಮಾಡಿದ. ಮೂಲದಲ್ಲಿದ್ದುದು ತಂದೆಯ ಪ್ರೀತಿಯೇ. ಆದರೂ ಎಷ್ಟೋ ಚಿತ್ರಗಳಲ್ಲಿ ಅದು ಗದರಿಕೆಯಾಗಿ ಹೊಮ್ಮಿತು. 1961ರ ‘ಬಾಯ್ಸ್ ಬಿವೇರ್’ನಲ್ಲಿಯಂತೂ ಒಂದಿಡೀ ಜನವರ್ಗದ ಮೇಲಿನ ದ್ವೇಷವಾಗಿ ಬೆಳೆಯಿತು. ಪ್ರೀತಿಯಿದ್ದರೆ ಸಾಲದು, ಕಲೆಯೂ ಬೇಕೆಂದು ಹೇಳಿದರೆ ಕೆಲವರು ಸಿಟ್ಟಾಗಬಹುದು.

ಹೊಲಗದ್ದೆಯೂ ಒಂದು ಕಾರ್ಖಾನೆಯೇ ಎಂಬುದನ್ನು ತೋರಿಸಿಕೊಟ್ಟುದು ಜಾನ್ ಮೆಕೆಂಜಿಯ ‘ಅಪಾಚೀಸ್’. ಇದೂ 1977ರದೇ. ಕೃಷಿಕ್ಷೇತ್ರದಲ್ಲಿ ಆಟವಾಡುವ ಆರು ಮಕ್ಕಳು ಟ್ರಾಕ್ಟರು, ವಿಷದ ಶೀಸೆ, ಗೊಬ್ಬರದ ಗುಂಡಿ ಹೀಗೆ ಒಂದೊಂದಕ್ಕೆ ಬಲಿಯಾಗುತ್ತ ಹೋಗುತ್ತಾರೆ. ಕೊನೆಗೆ, ಅದಕ್ಕೆ ಹಿಂದಿನ ವರ್ಷ ಹೊಲಗಳ ಅಪಘಾತದಲ್ಲಿ ನಿಜವಾಗಿ ತೀರಿಕೊಂಡ ಮಕ್ಕಳ ಹೆಸರುಗಳು ತೆರೆಯ ಮೇಲೆ ಮೂಡುತ್ತವೆ. ನನಗೆ ನಮ್ಮ ಕಡೆಯ ವೀರಗಲ್ಲುಗಳು ನೆನಪಾದುವು. ತುರುಗೋಳಿನಲ್ಲಿ ಮಡಿದವನಿಗೆ ಕಲ್ಲು ನಿಲ್ಲಿಸಿದ ನಾಡು ನಮ್ಮದು. ಅಡಿಕೆಯ ಮರದಿಂದ ಬಿದ್ದವನಿಗೆ ಕಲ್ಲಿಲ್ಲ.

ಈ ಮೂರು ತಾಲ್ಲೂಕುಗಳ ಸಂಪತ್ತೆಲ್ಲ ಆ ಮರದ ತುದಿಯಲ್ಲಿದೆ. ಐವತ್ತು ಅರವತ್ತು ಅಡಿ ಎತ್ತರ, ತೊಡೆಯಷ್ಟೂ ದಪ್ಪವಿಲ್ಲದ ಕಾಂಡ. ಕೊಳೆರೋಗ ಬರುವುದು ಮಳೆಗಾಲದಲ್ಲಿ; ಆದುದರಿಂದ ಮೈಲುತುತ್ತ ಸುಣ್ಣಗಳ ಬೋರ್ಡೋ ದ್ರಾವಣವನ್ನು ಸಿಂಪಡಿಸಬೇಕಾದುದೂ, ಕೊನೆಗೆ ಕೊಟ್ಟೆ ಕಟ್ಟಬೇಕಾದುದೂ ಮರ ಜಾರುವ ಕಾಲದಲ್ಲಿಯೇ. ಕೊನೆಗಾರನು ಒಂದು ಮರದಿಂದ ಇನ್ನೊಂದಕ್ಕೆ ತೂಗಿಕೊಂಡು ದಾಟುವುದನ್ನು ಪ್ರವಾಸಿಗಳು ಸರ್ಕಸ್ಸಿನಂತೆ ನೋಡುತ್ತಾರೆ. ಈಚೆಗೆ ನೆಲದಲ್ಲಿ ನಿಂತೇ ಕೊಯ್ಯುವ, ಸಿಂಪಡಿಸುವ ಕಾರ್ಬನ್ ಫೈಬರಿನ ಉದ್ದ ದೋಟಿಗಳು ಬಂದಿವೆ. ಬೀಳುವ ಭಯ ಕಡಿಮೆಯಾಯಿತು. ಆದರೆ ಆ ದೋಟಿ ವಿದ್ಯುತ್ತನ್ನು ಹರಿಯಗೊಡುವಂಥದು, ತೋಟದ ಮೇಲೆ ಹಾದುಹೋದ ತಂತಿ ಅದರ ಎತ್ತರಕ್ಕೆ ಸಿಗುವಂಥದು. ಮರದ ಕೋಲು ಹಿಡಿದು ಬೆಳೆದ ಕೈಗೆ ಈ ವ್ಯತ್ಯಾಸ ತಿಳಿದಿರುವುದಿಲ್ಲ.

ಮಂಗನ ಕಾಯಿಲೆಯ ಕಥೆಯೂ ಹಾಗೆಯೇ. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನಲ್ಲಿ ಮೊದಲು ಗುರುತಿಸಲ್ಪಟ್ಟು ಆ ಊರಿನ ಹೆಸರನ್ನೇ ಜಗತ್ತಿನ ವೈದ್ಯಗ್ರಂಥಗಳಿಗೆ ಸೇರಿಸಿದ ರೋಗ. 2019ರ ಆರಂಭದಲ್ಲಿ ಸಾಗರ ತಾಲ್ಲೂಕಿನ ಅರಳಗೋಡಿನ ಸುತ್ತ ಹಲವರನ್ನು ಬಲಿತೆಗೆದುಕೊಂಡಿತು. ಉಣುಗು ಕಚ್ಚಿ ಬರುವ ಈ ಜ್ವರದ ಕಾಲವೂ, ಕೊಟ್ಟಿಗೆಗೆ ಹಾಸಲು ದರಕು ತರುವ ಕಾಲವೂ ಒಂದೇ. ಹೀಗಿರಲು ‘ಕಾಡಿಗೆ ಹೋಗಬೇಡಿ’ ಎಂಬ ಎಚ್ಚರಿಕೆಯು ಬೇಸಾಯಗಾರನ ಕಿವಿಗೆ ‘ಬದುಕಬೇಡಿ’ ಎಂದಂತೆ ಕೇಳಿಸಿದರೆ ತಪ್ಪೇನು? ಹೋಗುವ ಮೊದಲು ಮೈಗೆ ತೈಲ ಹಚ್ಚು, ಬಂದೊಡನೆ ಬಟ್ಟೆಯನ್ನು ಬಿಸಿನೀರಿಗೆ ಹಾಕಿ ಸ್ನಾನಮಾಡು ಎಂದು ಹೇಳಲು ಹಂಡೆಯ ಒಲೆಗೆ ಮುಂಚಿತವಾಗಿ ಬೆಂಕಿ ಹಾಕಿಟ್ಟು ಕಾಯುವ ಮನೆಯವಳು ಬೇಕು, ಅವಳನ್ನು ತೋರಿಸುವ ಚಿತ್ರ ಬೇಕು.

ಅಂಥ ಚಿತ್ರವನ್ನು ಅರಿಯುವ ಶಕ್ತಿ ಹಳ್ಳಿಗರಿಗಿಲ್ಲವೆಂಬ ಮಾತನ್ನು ಮಾತ್ರ ಯಾರೂ ನಮ್ಮ ಸೀಮೆಯಲ್ಲಿ ಆಡದಿರಲಿ. 1949ರಲ್ಲಿ ಹುಟ್ಟಿದ ಹೆಗ್ಗೋಡಿನ ನೀನಾಸಂ 1973ರಲ್ಲಿ ಚಿತ್ರಸಮಾಜವನ್ನು ಆರಂಭಿಸಿ ಜಗತ್ತಿನ ಶ್ರೇಷ್ಠ ಚಿತ್ರಗಳನ್ನು ತೋಟದ ಕೆಲಸ ಮುಗಿಸಿ ಬಂದವರಿಗೆ ತೋರಿಸಿತು. ಹಳ್ಳಿಯ ಪ್ರೇಕ್ಷಕನ ಬುದ್ಧಿಯನ್ನು ಕೆ. ವಿ. ಸುಬ್ಬಣ್ಣನವರು ಕಡೆಯವರೆಗೂ ನಂಬಿದರು. ಗಿರೀಶ ಕಾಸರವಳ್ಳಿಯವರು ಹುಟ್ಟಿದ್ದು ತೀರ್ಥಹಳ್ಳಿ ತಾಲ್ಲೂಕಿನಲ್ಲಿ. ನೋಡುವ ಕಣ್ಣಿಗೂ ತೆಗೆಯುವ ಕೈಗೂ ಇಲ್ಲಿ ಬರವಿಲ್ಲ.

ಇನ್ನು ಚಿತ್ರೋದ್ಯಮವು ತನಗೆ ತಾನು ಹೇಳಿಕೊಂಡಿರುವ ಎಚ್ಚರಿಕೆ ಎಷ್ಟೆಂಬುದನ್ನೂ ಕೇಳಬೇಕು. 1989ರ ಫೆಬ್ರವರಿ 8ರಂದು ಮೈಸೂರಿನ ಪ್ರೀಮಿಯರ್ ಸ್ಟುಡಿಯೋದಲ್ಲಿ ಟಿಪ್ಪು ಸುಲ್ತ್ತಾನನ ಧಾರಾವಾಹಿಯ ಚಿತ್ರೀಕರಣದಲ್ಲಿ ಬೆಂಕಿ ಬಿದ್ದು 50ಕ್ಕೂ ಹೆಚ್ಚು ಜನ ಸತ್ತರು. 2016ರ ನವೆಂಬರಿನಲ್ಲಿ ತಿಪ್ಪಗೊಂಡನಹಳ್ಳಿ ಜಲಾಶಯದ ಮೇಲೆ ಹೆಲಿಕಾಪ್ಟರಿನಿಂದ ನೀರಿಗೆ ಹಾರಿದ ಇಬ್ಬರು ಯುವನಟರು ಮುಳುಗಿಹೋದರು. ಜೀವರಕ್ಷಕ ಕವಚ ಅವರ ಮೈಮೇಲಿರಲಿಲ್ಲ. 2025ರ ಜೂನಿನಲ್ಲಿ ನಮ್ಮ ಮಾಣಿ ಜಲಾಶಯದಲ್ಲಿಯೇ ಚಿತ್ರೀಕರಣಕ್ಕೆಂದು ತಂದ ದೋಣಿ ಮಗುಚಿತು. ಪುಣ್ಯವಶಾತ್ ಯಾರ ಪ್ರಾಣಕ್ಕೂ ಅಪಾಯವಾಗಲಿಲ್ಲ. ಕ್ಯಾಮೆರಾದ ಹಿಂದಿನ ಜಾಗವೂ ಕೆಲಸದ ಜಾಗವೇ.

ಕ್ರಿಶ್‌ನನ್ನು ನೋಡಿದ ಹುಡುಗರಲ್ಲಿ ಒಬ್ಬನ ತಂದೆ ಕೊನೆಗಾರ. ಅವನು ಒಂದು ದಿನ ನನ್ನ ಬಳಿ ಬಂದು, “ಸಾರ್, ನಮ್ಮಪ್ಪನ ಕೆಲಸದ ಮೇಲೆ ಚಿತ್ರ ಮಾಡೋದಾದ್ರೆ ಬೀಳೋದನ್ನ ತೋರಿಸೋದು ಬೇಡ. ಹತ್ತೋಕೆ ಮುಂಚೆ ಮರ ಮುಟ್ಟಿ ಕೈಮುಗೀತಾರಲ್ಲ, ಅಷ್ಟು ಸಾಕು” ಎಂದ. ನಾಲ್ವರು ಗೆಳೆಯರು ಸೇರಿ ಮೊಬೈಲಿನಲ್ಲಿಯೇ ಮೂರು ನಿಮಿಷದ ಚಿತ್ರವೊಂದನ್ನು ತೆಗೆದರು. ತಂದೆ ಕೈಮುಗಿಯುತ್ತಾನೆ, ಸೊಂಟದ ಹಗ್ಗವನ್ನು ಮರಕ್ಕೆ ಸುತ್ತಿ ಗಂಟು ಹಾಕುತ್ತಾನೆ, ಮೇಲೇರುತ್ತಾನೆ. ಕೆಳಗೆ ಕೊನೆ ಹಿಡಿಯಲು ನಿಂತ ತಾಯಿಯ ಮುಖವನ್ನೇ ಉಳಿದ ಹೊತ್ತೆಲ್ಲ ನೋಡುತ್ತಿರುತ್ತೇವೆ. ಅಂಗಳದ ಗೋಡೆಗೆ ಪಂಚೆ ಕಟ್ಟಿ ಅದನ್ನು ಮೊದಲು ಆ ದಂಪತಿಗಳಿಗೇ ತೋರಿಸಿದರು. ತಾಯಿ ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಕ್ಕಳು. ತಂದೆ ಎರಡು ಸಲ ನೋಡಿ, ಹಗ್ಗದ ಗಂಟು ಹಾಕುವಾಗ ತನ್ನ ಬೆನ್ನು ಅಡ್ಡ ಬಂದಿದೆಯೆಂದೂ, ಕಲಿಯುವವನಿಗೆ ಕಾಣಬೇಕಾದುದು ಆ ಗಂಟೇ ಎಂದೂ ಹೇಳಿದ. ಮಳೆ ಹೊಳವಾದ ಕೂಡಲೇ ಆ ಭಾಗವನ್ನು ಮತ್ತೆ ತೆಗೆಯುವುದೆಂದು ತೀರ್ಮಾನವಾಗಿದೆ.